ಒದ್ದೆ ಪಂಚೆಯ ಆಚೆ ಬದಿ

ಭದ್ರಾವತಿಯ ನಮ್ಮ ಕ್ವಾರ್ಟರ್ಸಿನಲ್ಲಿ ಹಾಲಿಗೂ ಅಡುಗೆಮನೆಗೂ ನಡುವೆ ಬಾಗಿಲಿನ ಚೌಕಟ್ಟು ಇತ್ತು, ಬಾಗಿಲು ಇರಲಿಲ್ಲ. ನಮಗಿಂತ ಮೊದಲು ಅಲ್ಲಿದ್ದವರು ಬಿಚ್ಚಿಕೊಂಡು ಹೋದರೋ, ಕಟ್ಟಿಸಿದವರೇ ಬೇಡವೆಂದು ಬಿಟ್ಟಿದ್ದರೋ ಗೊತ್ತಿಲ್ಲ. ಒಗ್ಗರಣೆಯ ಘಾಟು ನೇರವಾಗಿ ಹಾಲಿಗೆ ಬಂದು, ರಾತ್ರಿ ಪಾಳಿ ಮುಗಿಸಿ ಮಲಗಿದ್ದ ಅಪ್ಪನನ್ನು ಕೆಮ್ಮಿಸಿ ಎಬ್ಬಿಸುತ್ತಿತ್ತು. ಒಂದು ಬಾಗಿಲು ಹಾಕಿಸಿ ಎಂದು ಅಮ್ಮ, ಹಾಕಿಸೋಣ ಎಂದು ಅಪ್ಪ. ನಾನು ಎಸ್ಸೆಸ್ಸೆಲ್ಸಿ ಮುಗಿಸುವ ತನಕವೂ ಈ ಮಾತು ನಡೆದೇ ಇತ್ತು. ಬಾಗಿಲು ಬರಲಿಲ್ಲ. ಅದರ ಬದಲು ಚೌಕಟ್ಟಿನ ಮೇಲೆ ಎರಡು ಮೊಳೆ ಬಂದವು, ಮೊಳೆಗಳಿಗೆ ಅಪ್ಪನ ಬಿಳಿ ಪಂಚೆ ಬಂತು, ಆ ಪಂಚೆಯ ಮೇಲೆ ಪ್ರತಿ ಭಾನುವಾರ ಮಧ್ಯಾಹ್ನ ಅಮೆರಿಕದ ಹುಡುಗರು ಬಂದು ಬಿದ್ದು ಎದ್ದು ಹೋಗುತ್ತಿದ್ದರು. ಈಗ ನಾನು ಶಿವಮೊಗ್ಗದಲ್ಲಿ ಹೆಣ್ಣುಮಕ್ಕಳಿಗೆ ಕಬಡ್ಡಿ ಹೇಳಿಕೊಡುತ್ತೇನೆ. ನೀವು ಎಲ್ಲಿ ಕಲಿತಿರಿ ಮಿಸ್ ಎಂದು ಅವರು ಕೇಳಿದರೆ ಅಡುಗೆಮನೆ ಬಾಗಿಲಲ್ಲಿ ಎನ್ನುತ್ತೇನೆ. ನಗುತ್ತಾರೆ. ನಗಲಿ, ನಾನು ಹೇಳುವುದು ನಿಜ.

ಅಪ್ಪ ಕಾರ್ಖಾನೆಯ ಕಬಡ್ಡಿ ತಂಡದಲ್ಲಿ ಆಡುತ್ತಿದ್ದವನು. ರೈಡಿಗೆ ಹೋಗುವುದೇ ಅವನ ಕೆಲಸ. ಎದುರಿನವರ ಅಂಕಣಕ್ಕೆ ನುಗ್ಗಿ, ಒಬ್ಬರನ್ನು ಮುಟ್ಟಿ, ಹಿಡಿಯಲು ಬಂದವರ ಕೈಯಿಂದ ಜಾರಿಕೊಂಡು ಗೆರೆಗೆ ವಾಪಸು ಬರುತ್ತಿದ್ದನಂತೆ. ನಾನು ನೋಡಿಲ್ಲ. ನಾನು ಹುಟ್ಟುವ ಮೊದಲೇ ಒಂದು ಪಂದ್ಯದಲ್ಲಿ ಯಾರೋ ತೊಡೆ ಹಿಡಿದು ಎತ್ತಿ ಹಾಕಿ ಅವನ ಮಂಡಿ ಹೋಗಿತ್ತು. ನಾನು ಕಂಡದ್ದು ಆ ಮಂಡಿಯನ್ನು ಮಾತ್ರ. ದಿನಾ ಸಂಜೆ ದೇವರಿಗೆ ದೀಪ ಹಚ್ಚಿದ ಮೇಲೆ ಅಮ್ಮ ಸಣ್ಣ ಬಾಣಲೆಯಲ್ಲಿ ಕೊಬ್ಬರಿ ಎಣ್ಣೆಗೆ ಕರ್ಪೂರ ಹಾಕಿ ಬಿಸಿ ಮಾಡುತ್ತಿದ್ದಳು. ಅಪ್ಪ ಹಾಲಿನ ಗೋಡೆಗೆ ಒರಗಿ ಕಾಲು ಚಾಚುತ್ತಿದ್ದ. ಅಮ್ಮ ಮಂಡಿ ತಿಕ್ಕುತ್ತಿದ್ದಳು. ಜಗಳವಾದ ದಿನವೂ ಇದು ತಪ್ಪುತ್ತಿರಲಿಲ್ಲ. ತಿಕ್ಕುವುದು ಸ್ವಲ್ಪ ಜೋರಾಗುತ್ತಿತ್ತು, ಅಪ್ಪ ಹಲ್ಲು ಕಚ್ಚಿಕೊಳ್ಳುತ್ತಿದ್ದ. ನಮ್ಮ ಮನೆಯಲ್ಲಿ ಅಪ್ಪಿಕೊಳ್ಳುವುದು, ಮುದ್ದಿಸುವುದು ಇರಲಿಲ್ಲ. ನಾನು ಲಂಗ ಬಿಟ್ಟು ಚೂಡಿದಾರ ಹಾಕಲು ಶುರುಮಾಡಿದ ಮೇಲಂತೂ ಅಮ್ಮ ನನ್ನನ್ನು ಮುಟ್ಟುತ್ತಿದ್ದದ್ದು ಜಡೆ ಹಾಕುವಾಗ, ಜ್ವರ ನೋಡುವಾಗ. ಅದಕ್ಕಾಗಿ ನಾನು ಕೊರಗಿದ್ದೇನೂ ಇಲ್ಲ. ಸಂಜೆ ಕರ್ಪೂರದ ಎಣ್ಣೆಯ ವಾಸನೆ ಬಂತೆಂದರೆ ಮನೆಯಲ್ಲಿ ಎಲ್ಲರೂ ಕ್ಷೇಮ ಎಂದು ನನಗೆ ಗೊತ್ತಾಗುತ್ತಿತ್ತು.

ಮಂಡಿ ಹೋದ ಮೇಲೆ ಅಪ್ಪ ಆಟ ಬಿಟ್ಟ, ಆಟದ ಹುಚ್ಚು ಬಿಡಲಿಲ್ಲ. ಕ್ವಾರ್ಟರ್ಸಿನ ಹಿಂದಿನ ಬಯಲಿನಲ್ಲಿ ಗಂಡುಮಕ್ಕಳೆಲ್ಲ ಕ್ರಿಕೆಟ್ಟಿಗೆ ಬಿದ್ದಿದ್ದರು, ಕಬಡ್ಡಿ ಎಂದರೆ ಮೂಗು ಮುರಿಯುತ್ತಿದ್ದರು. ಹಾಗಾಗಿ ಅಪ್ಪನ ಕೈಗೆ ಸಿಕ್ಕಿದ್ದು ನಾವು ಹುಡುಗಿಯರು. ನಾನು, ಪಕ್ಕದ ಮನೆಯ ಸೆಲ್ವಿ, ಅದೇ ಸಾಲಿನ ಇನ್ನಷ್ಟು ಜನ. ಸೆಲ್ವಿಯ ಮನೆಯಲ್ಲಿ ತಮಿಳು, ನಮ್ಮ ಮನೆಯಲ್ಲಿ ಕನ್ನಡ, ಬಯಲಿನಲ್ಲಿ ಎರಡೂ ಕಲಸಿದ್ದು. ರೈಡ್ ಮಾಡುವುದನ್ನು ಅಪ್ಪ ಸೊಗಸಾಗಿ ಹೇಳಿಕೊಟ್ಟ. ಹಿಡಿಯುವುದನ್ನು ಹೇಳಿಕೊಡಲು ಹೋದರೆ ತಡವರಿಸುತ್ತಿದ್ದ. ಆಡಿದಷ್ಟು ದಿನವೂ ತಪ್ಪಿಸಿಕೊಳ್ಳುವುದನ್ನೇ ಅಭ್ಯಾಸ ಮಾಡಿದವನಿಗೆ ಇನ್ನೊಬ್ಬರನ್ನು ಹಿಡಿದು ನಿಲ್ಲಿಸುವುದು ಹೇಗೆಂದು ಹೇಳಲು ಬರುತ್ತಿರಲಿಲ್ಲ. ನಮ್ಮಲ್ಲಿ ಹೋಗಿ ಮುಟ್ಟಿ ಬರುವವರು ಇದ್ದರು, ಬಂದವರನ್ನು ಹಿಡಿಯುವವರು ಇರಲಿಲ್ಲ. ಶಾಲೆಯ ಪಂದ್ಯಗಳಿಗೆ ಕುಣಿಯುತ್ತಾ ಹೋಗಿ ಜೋಲು ಮೋರೆ ಹಾಕಿಕೊಂಡು ಬರುತ್ತಿದ್ದೆವು.

ಹೀಗಿರುವಾಗ ನಮ್ಮ ಮನೆಗೆ ಪ್ರೊಜೆಕ್ಟರ್ ಬಂತು. ಮೊದಲೆಲ್ಲ ಕ್ಲಬ್ಬಿನವರು ಬಯಲಿನಲ್ಲಿ ಪರದೆ ಕಟ್ಟಿ ಕಾರ್ಮಿಕರ ಮನೆಯವರಿಗೆ ಸಿನಿಮಾ ತೋರಿಸುತ್ತಿದ್ದರು. ಮನೆಮನೆಗೆ ಕೇಬಲ್ ಬಂದ ಮೇಲೆ ಕೇಳುವವರಿಲ್ಲದೆ ಆ ಯಂತ್ರ ಸ್ಟೋರ್ ರೂಮು ಸೇರಿತ್ತು. ಸ್ಟೋರ್ ರೂಮು ಖಾಲಿ ಮಾಡುವಾಗ ಬೇಕಾದವರು ಒಯ್ಯಿರಿ ಎಂದರಂತೆ. ಅಪ್ಪ ಅದನ್ನು ಸೈಕಲ್ಲಿನ ಕ್ಯಾರಿಯರಿಗೆ ಕಟ್ಟಿ, ಕುಂಟುತ್ತಾ ತಳ್ಳಿಕೊಂಡು ತಂದ. ಕಪ್ಪು ಪೆಟ್ಟಿಗೆ, ಮೇಲೊಂದು ಹಿಡಿ. ಅಮ್ಮ ಕಿಟಕಿಯಿಂದ ನೋಡಿದವಳು ಕೈ ಒರೆಸಿಕೊಳ್ಳುತ್ತಾ ಬಾಗಿಲಿಗೆ ಓಡಿ ಬಂದಳು. ಅವಳು ಹೊಲಿಗೆ ಮೆಷಿನ್ ಕೇಳಲು ಶುರುಮಾಡಿ ಎಷ್ಟು ಕಾಲವಾಗಿತ್ತೋ. ಆ ಕ್ಷಣದ ಅವಳ ಮುಖ ನನಗೆ ಈಗಲೂ ಕಣ್ಣಿಗೆ ಕಟ್ಟಿದ ಹಾಗಿದೆ, ಮದುವೆಗೆ ಹೊರಟವಳ ಕಳೆ ಬಂದಿತ್ತು. ಅಪ್ಪ ಮುಚ್ಚಳ ತೆಗೆದ. ಅಮ್ಮ ಬಗ್ಗಿ ನೋಡಿದಳು.

“ಇದ್ರಲ್ಲಿ ರವಿಕೆ ಹೊಲಿಯೋಕೆ ಬರತ್ತಾ?”

ಬರುವುದಿಲ್ಲ ಎಂದು ಅಪ್ಪ ಒಪ್ಪಿಕೊಂಡ. ಅಮ್ಮ ಒಳಗೆ ಹೋಗಿ ಪಾತ್ರೆ ತೊಳೆಯಲು ಕೂತಳು. ಆ ದಿನ ಪಾತ್ರೆಗಳ ಸದ್ದು ಸೆಲ್ವಿಯ ಮನೆಯ ತನಕ ಕೇಳಿಸಿತಂತೆ.

ಯಂತ್ರದ ಜೊತೆ ತಗಡಿನ ಡಬ್ಬಿಯೊಂದರಲ್ಲಿ ಒಂದೇ ಒಂದು ರೀಲು ಇತ್ತು. ಹಿಂದೆ ಯಾವಾಗಲೋ ಕಾರ್ಖಾನೆಗೆ ಬಂದಿದ್ದ ಪರದೇಶದ ಇಂಜಿನಿಯರುಗಳು ಬಿಟ್ಟು ಹೋದದ್ದು ಎಂದು ಯಾರೋ ಅಪ್ಪನಿಗೆ ಹೇಳಿದ್ದರು. ಶುರುವಿನ ಭಾಗ ಹರಿದು ಹೋಗಿತ್ತು, ಹಾಗಾಗಿ ಹೆಸರಿಲ್ಲ, ಬರಹವಿಲ್ಲ. ಯಂತ್ರದಿಂದ ದನಿ ಹೊರಡುತ್ತಿರಲಿಲ್ಲ, ಹಾಗಾಗಿ ಮಾತೂ ಇಲ್ಲ. ಅದು ಅಮೆರಿಕದವರು ಆಡುವ ಫುಟ್‌ಬಾಲ್ ಎಂದೂ, ಚೆಂಡು ಹಿಡಿದು ಓಡಿ ಬರುವವನನ್ನು ತಡೆದು ಕೆಡವುವುದನ್ನು ಹುಡುಗರಿಗೆ ಕಲಿಸಲು ಬಹಳ ಹಿಂದೆ ತೆಗೆದ ಪಾಠದ ಚಿತ್ರವೆಂದೂ ನನಗೆ ತಿಳಿದದ್ದು ಎಷ್ಟೋ ವರ್ಷ ಆದಮೇಲೆ, ದೈಹಿಕ ಶಿಕ್ಷಣ ಓದಲು ಹೋದಾಗ. ಅಮೆರಿಕ ಎಂಬುದಷ್ಟೇ ಅಪ್ಪನಿಗೆ ಗೊತ್ತಿತ್ತು, ಅದೂ ಡಬ್ಬಿಯ ಮೇಲಿನ ಚೀಟಿಯಿಂದ.

ಹಾಲು ಚಿಕ್ಕದು. ನಾವು ಹುಡುಗಿಯರೆಲ್ಲ ಕೂತರೆ ಯಂತ್ರ ಇಡಲು ಜಾಗವಿರಲಿಲ್ಲ. ಅದರ ಪ್ಲಗ್ಗು ಹಿಡಿಸುವ ದೊಡ್ಡ ಸ್ವಿಚ್ಚು ಇದ್ದದ್ದೂ ಅಡುಗೆಮನೆಯಲ್ಲೇ. ಆದ್ದರಿಂದ ಅಪ್ಪ ಅಡುಗೆಮನೆಯ ಕೊನೆಯಲ್ಲಿ, ರುಬ್ಬುವ ಕಲ್ಲಿನ ಪಕ್ಕ ಸ್ಟೂಲು ಹಾಕಿ ಯಂತ್ರ ಕೂರಿಸಿದ. ಚೌಕಟ್ಟಿಗೆ ಪಂಚೆ ಕಟ್ಟಿ, ಬೆಳಕು ಚೆನ್ನಾಗಿ ಹಾಯಲಿ ಎಂದು ನೀರು ಚಿಮುಕಿಸಿ ಒದ್ದೆ ಮಾಡಿದ. ಅಡುಗೆಮನೆಯ ಕಡೆಯಿಂದ ಪಂಚೆಗೆ ಬೆಳಕು ಬಿದ್ದರೆ ಹಾಲಿನಲ್ಲಿ ಕೂತ ನಮಗೆ ಚಿತ್ರ ಕಾಣುತ್ತಿತ್ತು. ಕಿಟಕಿಗಳಿಗೆ ಕಂಬಳಿ. ಯಂತ್ರ ಶುರುಮಾಡಿ, ಪಂಚೆಯ ಕೆಳಗೆ ನುಸುಳಿ ಹಾಲಿಗೆ ಬಂದು, ಕೋಲು ಹಿಡಿದು ವಿವರಿಸುವುದು ಅಪ್ಪನ ಕೆಲಸ. ರೀಲು ಮುಗಿದು ಅದರ ತುದಿ ಪಟಪಟ ಹೊಡೆದುಕೊಳ್ಳಲು ಶುರುವಾದರೆ ಸ್ವಿಚ್ಚು ಆರಿಸುವುದು ಅಮ್ಮನ ಕೆಲಸ. ಅವಳು ಹೇಗೂ ಅಲ್ಲೇ ಇರುತ್ತಿದ್ದಳು. ಕಡುಬು, ಕೋಳಿ ಸಾರಿನ ಊಟ ಮುಗಿಸಿ ನಾವು ಚಿತ್ರಕ್ಕೆ ಕೂತರೆ ಅವಳು ಸಂಜೆಯ ಮಂಡಕ್ಕಿಗೆ ಈರುಳ್ಳಿ ಹೆಚ್ಚುತ್ತಾ ಕೂರುತ್ತಿದ್ದಳು. ಯಂತ್ರದ ಬಿಸಿಗೆ ಬೆವರು ಇಳಿಯುತ್ತದೆ, ಪಂಚೆಗೆ ಮೊಳೆಯ ತುಕ್ಕು ಹಿಡಿಯುತ್ತದೆ, ಇದನ್ನು ತರುವ ಬದಲು ಬಾಗಿಲು ತಂದಿದ್ದರೆ ಆಗುತ್ತಿತ್ತು ಎಂದು ಗೊಣಗುತ್ತಿದ್ದಳು. ನಮಗೆ ಎದುರಿಗೆ ಅಮೆರಿಕದವರ ಚಿತ್ರ, ಅದರ ಹಿಂದೆ ಅಮ್ಮನ ಬಳೆಯ ಸದ್ದು.

ಚಿತ್ರ ಕಪ್ಪು ಬಿಳುಪು. ಸುಣ್ಣದ ಗೆರೆ ಎಳೆದ ಬಯಲು. ಚರ್ಮದ ಟೋಪಿ ಕಟ್ಟಿಕೊಂಡ ಹುಡುಗರು. ಕೊರಳಿಗೆ ಸೀಟಿ ಹಾಕಿಕೊಂಡ ಒಬ್ಬ ಮೇಷ್ಟ್ರು, ಅವನ ಸ್ವೆಟರಿನ ಎದೆಯ ಮೇಲೆ ದೊಡ್ಡದಾಗಿ ಇಂಗ್ಲಿಷಿನ ಎ ಅಕ್ಷರ. ಒಬ್ಬ ಹುಡುಗ ಸುಲಿದ ತೆಂಗಿನಕಾಯಿಯಂಥ ಚೆಂಡನ್ನು ಬಗಲಲ್ಲಿ ಅವುಚಿಕೊಂಡು ಓಡಿ ಬರುತ್ತಾನೆ. ಇನ್ನೊಬ್ಬ ಮಂಡಿ ಬಗ್ಗಿಸಿ, ಬೆನ್ನು ನೆಟ್ಟಗೆ ಮಾಡಿ, ತಲೆ ಎತ್ತಿಕೊಂಡೇ ತಗ್ಗಿ ನುಗ್ಗುತ್ತಾನೆ. ಓಡುವವನ ತೊಡೆಗೆ ಭುಜ ಕೊಟ್ಟು, ಎರಡೂ ಕೈಯಿಂದ ಸುತ್ತಿ ಬಿಗಿದು, ಕೆಡವುತ್ತಾನೆ. ಆಮೇಲೆ ಅದನ್ನೇ ನಿಧಾನವಾಗಿ ತೋರಿಸುತ್ತಾರೆ. ಮತ್ತೆ ಇನ್ನೊಬ್ಬ ಹುಡುಗ, ಮತ್ತೆ ಅದೇ. ನಮಗೆ ಚೆಂಡಿನ ಉಸಾಬರಿ ಬೇಕಿರಲಿಲ್ಲ. ಕಾಯಿ ಹೊತ್ತವನು ರೈಡರ್, ತಗ್ಗಿ ಬರುವವನು ಹಿಡಿಯುವವನು, ಇದು ಉಸಿರು ಕಟ್ಟದೆ ಆಡುವ ಕಬಡ್ಡಿ ಎಂದು ಅಪ್ಪ ತೀರ್ಮಾನ ಕೊಟ್ಟ. ಹಾಗೆ ಮೇಲೆ ಬೀಳುವಾಗ ಕಾಯಿ ಬಿಸಾಡಿ ಓಡಿಹೋಗಬಾರದೇ ಎಂದು ಸೆಲ್ವಿ ಕೇಳಿದಳು. ಮನೆಗೆ ಒಯ್ಯುವ ಕಾಯಿಯನ್ನು ಯಾರು ಬಿಸಾಡುತ್ತಾರೆ ಎಂದು ಪಂಚೆಯ ಹಿಂದಿನಿಂದ ಅಮ್ಮನ ಉತ್ತರ ಬಂತು. ಅವಳಿಗೆ ಇದೆಲ್ಲ ಕೇಳಿಸುತ್ತಿದೆ ಎಂದು ನಮಗೆ ಗೊತ್ತಾದದ್ದೇ ಆಗ. ನೋಡುತ್ತಲೂ ಇದ್ದಾಳೆ ಎಂದು ಯಾರಿಗೂ ಹೊಳೆಯಲಿಲ್ಲ.

ಇನ್ನೊಂದು ದಿನ ಸೆಲ್ವಿ ಬೇರೆ ಪ್ರಶ್ನೆ ತೆಗೆದಳು. ಅವಳು ಎಡಚಿ. ಬರೆಯುವುದು, ಉಣ್ಣುವುದು, ಕಲ್ಲು ಹೊಡೆಯುವುದು ಎಲ್ಲ ಎಡಗೈಯಲ್ಲೇ, ಅದಕ್ಕಾಗಿ ಮನೆಯಲ್ಲಿ ಶಾಲೆಯಲ್ಲಿ ಬೈಸಿಕೊಂಡವಳು. ಅವಳಿಗೆ ಆ ಹುಡುಗರ ಮೇಲೆ ಒಂಥರಾ ಅಕ್ಕರೆ ಬಂದಿತ್ತು.

“ಅಂಕಲ್, ಆ ಊರಲ್ಲಿ ಎಲ್ರೂ ನನ್ನ ಥರ ಎಡಚರಾ?”

“ಅಲ್ಲಿ ಎಲ್ಲ ಉಲ್ಟಾ ಮಾರಾಯ್ತಿ,” ಎಂದ ಅಪ್ಪ. “ಅವ್ರು ಗಾಡಿನೂ ಬಲಗಡೆ ಓಡಿಸ್ತಾರೆ.”

ಈ ಉತ್ತರ ನಮಗೆಲ್ಲ ಸರಿಯೆನಿಸಿತು. ಅಲ್ಲಿಗೆ ಪಾಠ ನಿಗದಿಯಾಯಿತು: ಎಡ ಭುಜ ಮುಂದೆ, ಎಡಗೈ ತೊಡೆಯ ಹಿಂದೆ, ನಿಲ್ಲುವುದು ಎಡ ಮೂಲೆಯಲ್ಲಿ. ಅಪ್ಪ ರಾಗಿಯ ಗೋಣಿಚೀಲಕ್ಕೆ ಹೊಟ್ಟು ತುಂಬಿ ಹಿತ್ತಲಿನ ಪೇರಲೆ ಮರಕ್ಕೆ ನೇತು ಹಾಕಿದ, ಚಿತ್ರದಲ್ಲಿ ಹಾಗೊಂದು ಚೀಲ ಇತ್ತು. ನಾವು ಅದನ್ನು ಗೋಣಿಮಾವ ಎಂದು ಕರೆದೆವು. ಒಮ್ಮೆ ಅಮ್ಮನ ಅಣ್ಣ, ಅಂದರೆ ಶಿವಮೊಗ್ಗದ ದುರ್ಗಿಗುಡಿಯ ನನ್ನ ಸೋದರಮಾವ, ಮನೆಗೆ ಬಂದಿದ್ದಾಗ ಮಾವನ ತೊಡೆ ಹಿಡಿದು ಕೆಡವು ಎಂದು ಹಿತ್ತಲಿನಿಂದ ಕೂಗು ಕೇಳಿ ಕಾಫಿ ಲೋಟ ಕೆಳಗಿಟ್ಟರು. ಸೆಲ್ವಿ ಗೋಣಿಮಾವನನ್ನು ಮೊದಲ ದಿನವೇ ಮರದ ಬುಡಕ್ಕೆ ಒತ್ತಿ ಹಿಡಿದಳು. ಎಡಗೈಯವರಿಗೆ ಸಹಜವಾಗಿ ಬರುವ ಹಿಡಿತ ಅದು. ಅವಳಿಗೆ ಬಂದದ್ದರಿಂದ ಅಪ್ಪನಿಗೆ ಪಾಠದ ಮೇಲೆ ಪೂರ್ತಿ ನಂಬಿಕೆ ಕೂತಿತು. ಬಾರದವಳು ನಾನು. ನನ್ನ ಮೈ ಬಲಕ್ಕೆ ಹೋಗುತ್ತಿತ್ತು, ಮನಸ್ಸು ಎಡಕ್ಕೆ ಎಳೆಯುತ್ತಿತ್ತು, ನಡುವೆ ಕಾಲಿಗೆ ಕಾಲು ತೊಡರಿಕೊಂಡು ಚೀಲಕ್ಕೆ ಮುಖ ಕೊಟ್ಟು ಬೀಳುತ್ತಿದ್ದೆ. ಅಪ್ಪ ಹೊಡೆಯುವವನಲ್ಲ. ಎಡ, ಎಡ ಎಂದು ಕೂಗಿ ಕೂಗಿ ಸುಸ್ತಾಗಿ ಮರಕ್ಕೆ ಒರಗುತ್ತಿದ್ದ. ಅವನ ಆ ಸುಸ್ತು ನನಗೆ ಹೊಡೆತಕ್ಕಿಂತ ಹೆಚ್ಚು ನೋಯುತ್ತಿತ್ತು.

ಆದರೂ ಆಟದಲ್ಲಿ ನನ್ನ ಕಾಲು ಚುರುಕಾಗಿತ್ತು, ಹೆದರಿಕೆ ಇರಲಿಲ್ಲ. ಜಿಲ್ಲಾ ತಂಡದ ಆಯ್ಕೆಗೆ ಶಿವಮೊಗ್ಗಕ್ಕೆ ಹೋಗಲು ಶಾಲೆಯ ಪಿ.ಟಿ. ಮೇಷ್ಟ್ರು ನನ್ನ ಮತ್ತು ಸೆಲ್ವಿಯ ಹೆಸರು ಕೂಗಿದರು. ಪ್ರಾರ್ಥನೆಯ ಸಾಲಿನಲ್ಲಿ ಎಲ್ಲರ ಮುಂದೆ ಕೂಗಿದರು. ಓದಿನಲ್ಲಿ, ಹಾಡಿನಲ್ಲಿ, ರಂಗೋಲಿಯಲ್ಲಿ ಯಾವುದರಲ್ಲೂ ನನ್ನ ಹೆಸರು ಯಾರೂ ಕೂಗಿದ್ದಿಲ್ಲ. ನಾನು ಮನೆಗೆ ಓಡಿ ಬಂದೆ. ಅಮ್ಮ ಸಂಜೆಯ ಎಣ್ಣೆ ಬಿಸಿ ಮಾಡುತ್ತಿದ್ದಳು. ನಾನು ಹೇಳಿದ್ದನ್ನು ಪೂರ್ತಿ ಕೇಳಿದಳು, ಬಾಣಲೆ ಇಳಿಸಿದಳು, ಹಾಲಿಗೆ ಬಂದು ಅಪ್ಪನ ಕಾಲಿನ ಪಕ್ಕ ಕೂತಳು. ಬೇಡ ಎಂದಳು. ಮನೆ ಹಿಂದೆ ಎಷ್ಟು ಬೇಕಾದರೂ ಆಡಲಿ, ಹೊರಗೆ ಪಂದ್ಯಕ್ಕೆ ಬೇಡ. ಅಪ್ಪ ಬಾಯಿ ತೆರೆಯುವ ಮೊದಲೇ ಮುಂದಿನ ಮಾತನ್ನೂ ಆಡಿದಳು.

“ಒಂದು ಮಂಡಿ ತಿಕ್ಕಿ ತಿಕ್ಕಿ ನನ್ನ ಕೈ ಸವೆದಿದೆ ರೀ. ಇನ್ನೊಂದು ಮಂಡಿ ತಿಕ್ಕೋದು ನನ್ನಿಂದ ಆಗಲ್ಲ.”

ಅಪ್ಪ ಏನು ಹೇಳಿಯಾನು? ಕಾಲು ಅವಳ ಕೈಯಲ್ಲಿತ್ತು. ನಾನು ಅತ್ತೆ, ಊಟ ಬಿಟ್ಟೆ. ಅಮ್ಮ ತಟ್ಟೆ ಮುಚ್ಚಿಟ್ಟಳು, ಬಾ ಎನ್ನಲೂ ಇಲ್ಲ, ಬೈಯಲೂ ಇಲ್ಲ. ಆ ವಾರವಿಡೀ ಮನೆಯಲ್ಲಿ ಮೂರು ಜನ ಮೂರು ದಿಕ್ಕಿಗೆ ಮುಖ ಮಾಡಿಕೊಂಡು ಉಂಡೆವು. ನನಗೆ ಅಮ್ಮನ ಮೇಲೆ ಬಂದ ಸಿಟ್ಟು ಅಷ್ಟಿಷ್ಟಲ್ಲ. ಅವಳು ಹೊಲಿಗೆ ಮೆಷಿನ್ ಸಿಗದ ಸೇಡು ತೀರಿಸಿಕೊಳ್ಳುತ್ತಿದ್ದಾಳೆ ಎಂದು ಸೆಲ್ವಿಯ ಹತ್ತಿರ ಹೇಳಿದೆ. ಸೆಲ್ವಿ ದೊಡ್ಡವರ ಹಾಗೆ ತಲೆ ಆಡಿಸಿ, ಆಂಟಿಗೆ ಭಯ ಕಣೇ, ಸಿಟ್ಟಲ್ಲ ಎಂದಳು. ಅಪ್ಪನಿಗೆ ತೋಚಿದ್ದು ಒಂದೇ ದಾರಿ. ಭಾನುವಾರ ನನ್ನ ಹಿಡಿತ ಸರಿ ಮಾಡಿ, ಇವಳಿಗೆ ಏಟಾಗುವುದಿಲ್ಲ ಎಂದು ಅಮ್ಮನ ಕಿವಿಗೆ ಬೀಳುವ ಹಾಗೆ ಹಾಲಿನಲ್ಲೇ ಆಡಿಸಿ ತೋರಿಸುವುದು.

ಆ ಭಾನುವಾರ ಬೇರೆ ಹುಡುಗಿಯರನ್ನು ಕರೆಯಲಿಲ್ಲ. ನಾನು, ಸೆಲ್ವಿ, ಅಪ್ಪ. ಹಾಲಿನಲ್ಲಿ ಇದ್ದಬದ್ದ ಚಾಪೆಗಳನ್ನೆಲ್ಲ ಹಾಸಿದ್ದಾಯಿತು. ಪಂಚೆಯ ಮೇಲೆ ಆ ಹುಡುಗರು ಎಂದಿನ ಹಾಗೆ ಓಡುತ್ತಿದ್ದರು. ಅವರು ಮಾಡಿದ ಹಾಗೇ ಮಾಡು ಎಂದು ಅಪ್ಪ ಕೋಲು ಎತ್ತಿದ. ಸೆಲ್ವಿ ಕಬಡ್ಡಿ ಕಬಡ್ಡಿ ಎನ್ನುತ್ತಾ ಬಂದಳು. ನಾನು ಮಂಡಿ ಬಗ್ಗಿಸಿದೆ, ತಲೆ ಎತ್ತಿದೆ, ಎಡ ಭುಜ ಕೊಡಬೇಕು ಎಂದು ಮನಸ್ಸಿನಲ್ಲೇ ಹೇಳಿಕೊಂಡೆ. ಮೈ ಕೇಳಲಿಲ್ಲ. ಅರ್ಧ ಬಲಕ್ಕೆ ಹೋಗಿ ಅರ್ಧ ಎಡಕ್ಕೆ ತಿರುಗಿದೆ. ಸೆಲ್ವಿಯ ಮಂಡಿ ನೇರವಾಗಿ ನನ್ನ ಮೂಗಿಗೆ ಬಡಿಯಿತು. ಹಿಂದಕ್ಕೆ ಬಿದ್ದೆ, ತಲೆ ಚಾಪೆಯ ಆಚೆಯ ನೆಲಕ್ಕೆ ತಾಗಿತು. ಕಣ್ಣು ಬಿಟ್ಟಾಗ ಬಾಯಿಗೆ ರಕ್ತದ ರುಚಿ ಬಂದಿತ್ತು. ಸೆಲ್ವಿ ಅಳುತ್ತಿದ್ದಳು. ಅಪ್ಪ ಕೋಲು ಹಿಡಿದುಕೊಂಡೇ ನಿಂತಿದ್ದ.

ಪಂಚೆ ಮೇಲೆದ್ದಿತು. ಅಮ್ಮ ಅದನ್ನು ತಲೆಯಿಂದ ತಳ್ಳಿಕೊಂಡು ಹಾಲಿಗೆ ಬಂದಳು. ಯಂತ್ರ ಓಡುತ್ತಲೇ ಇತ್ತು. ಒಂದು ಗಳಿಗೆ ಆ ಹುಡುಗರೆಲ್ಲ ಅವಳ ಸೀರೆಯ ಬೆನ್ನಿನ ಮೇಲೆ ಓಡಿದರು. ಅವಳು ನನ್ನ ಪಕ್ಕ ಕೂತು ಸೆರಗಿನಿಂದ ಮೂಗು ಒತ್ತಿ ಹಿಡಿದಳು. ತಲೆಯ ಹಿಂದೆ ಬೆರಳು ಆಡಿಸಿ ನೋಡಿದಳು. ಅಪ್ಪನ ಮೇಲೆ ಹರಿಹಾಯುತ್ತಾಳೆ ಎಂದು ನಾವೆಲ್ಲ ಕಾದೆವು. ಅವಳ ದನಿ ಏರಲೇ ಇಲ್ಲ.

“ಎಡ ಅಲ್ಲ ರೀ ಅದು. ಬಲ.”

“ನಾನೇನು ಕುರುಡನಾ? ಇಷ್ಟು ದಿನದಿಂದ ನೋಡ್ತಿದೀನಿ.”

“ನಾನೂ ನೋಡ್ತಿದೀನಿ. ಆ ಕಡೆಯಿಂದ.”

ಅಪ್ಪನಿಗೆ ಅರ್ಥವಾಗಲಿಲ್ಲ. ಬನ್ನಿ ಎಂದು ಅಮ್ಮ ಪಂಚೆ ಎತ್ತಿ ಹಿಡಿದಳು. ನಾವು ಒಬ್ಬೊಬ್ಬರಾಗಿ ಬಗ್ಗಿ ಅಡುಗೆಮನೆಗೆ ಹೋದೆವು. ಅಲ್ಲಿ ನಿಂತು ತಿರುಗಿ ಪಂಚೆಯನ್ನು ನೋಡಿದೆವು. ಆ ಕಡೆಯಿಂದ ಚಿತ್ರ ಸ್ವಲ್ಪ ಮಂಕು, ಆದರೆ ಅದೇ ಬಯಲು, ಅದೇ ಹುಡುಗರು. ಹಾಲಿನಿಂದ ನೋಡಿದಾಗ ಎಡದಿಂದ ಓಡಿ ಬರುತ್ತಿದ್ದವನು ಈಗ ಬಲದಿಂದ ಬರುತ್ತಿದ್ದ. ತಗ್ಗಿ ನುಗ್ಗುವವನು ಬಲ ಭುಜ ಕೊಡುತ್ತಿದ್ದ, ಬಲಗೈ ತೊಡೆಯ ಹಿಂದೆ ಹೋಗುತ್ತಿತ್ತು. ಬಟ್ಟೆಯ ಹಿಂದಿನಿಂದ ನೋಡಿದರೆ ಎಡ ಬಲ ಅದಲುಬದಲಾಗುತ್ತದೆ ಎಂಬುದು ನಮ್ಮ ಯಾರ ತಲೆಗೂ ಬಂದಿರಲಿಲ್ಲ. ಯಂತ್ರ ಶುರುಮಾಡಿದ ಕೂಡಲೇ ಹಾಲಿಗೆ ನುಸುಳುತ್ತಿದ್ದ ಅಪ್ಪ ಒಂದು ಸಲವೂ ಈ ಬದಿಯಲ್ಲಿ ನಿಂತು ನೋಡಿರಲಿಲ್ಲ. ಮೇಷ್ಟ್ರ ಎದೆಯ ಅಕ್ಷರ ಎರಡೂ ಕಡೆಯಿಂದ ಒಂದೇ ಥರ ಕಾಣುವಂಥದ್ದು, ಅದೂ ನಮ್ಮನ್ನು ಎಚ್ಚರಿಸಿರಲಿಲ್ಲ. ಹಾಗಾದರೆ ಅವರು ಯಾರೂ ಎಡಚರಲ್ಲವಾ ಎಂದು ಸೆಲ್ವಿ ಮೂಗೆಳೆಯುತ್ತಾ ಕೇಳಿದಳು. ಅವಳಿಗೆ ನಿಜಕ್ಕೂ ಬೇಜಾರಾಗಿತ್ತು. ಅಪ್ಪ ರುಬ್ಬುವ ಕಲ್ಲಿನ ಮೇಲೆ ಕೂತುಬಿಟ್ಟ. ಯಾಕೆ ಮೊದಲೇ ಹೇಳಲಿಲ್ಲ ಎಂದು ಕೇಳಿದ.

“ನಿಮ್ಗೆ ಹಾಗೇ ಬೇಕೇನೋ ಅಂದ್ಕೊಂಡೆ. ಇವತ್ತು ಇವ್ಳು ಬಿದ್ದ ಮೇಲೆ ಗೊತ್ತಾಯ್ತು, ನಿಮ್ಗೆ ಕಂಡಿದ್ದೇ ಬೇರೆ ಅಂತ.”

ರೀಲು ಮುಗಿದು ಅದರ ತುದಿ ಪಟಪಟ ಹೊಡೆದುಕೊಳ್ಳತೊಡಗಿತು. ಅಮ್ಮ ಅಭ್ಯಾಸದಂತೆ ಕೈ ಚಾಚಿ ಸ್ವಿಚ್ಚು ಆರಿಸಿದಳು. ಆಮೇಲೆ ಇನ್ನೊಂದು ಸಲ ಹಾಕಿ ಎಂದಳು. ಅಪ್ಪ ರೀಲು ಹಿಂದಕ್ಕೆ ಸುತ್ತಿ ಮತ್ತೆ ಹಚ್ಚಿದ. ನಿಧಾನವಾಗಿ ತೋರಿಸುವ ಭಾಗ ಬಂತು. ಹುಡುಗ ನುಗ್ಗಿದ, ಹಿಡಿದ, ಇಬ್ಬರೂ ಬಿದ್ದರು. ಪ್ರತಿ ಭಾನುವಾರ ಇಷ್ಟು ಆಗುವ ಹೊತ್ತಿಗೆ ಅಪ್ಪ ಪಂಚೆಗೆ ಅಡ್ಡ ನಿಂತು ನೋಡಿದಿರಾ ಎಂದು ನಮಗೆ ವಿವರಿಸಲು ಶುರುಮಾಡಿರುತ್ತಿದ್ದ. ಈಗ ಅಡ್ಡ ಯಾರೂ ಇರಲಿಲ್ಲ. ಬಿದ್ದವನು ಏಳಲಿಲ್ಲ. ಎದೆಯ ಮೇಲೆ ಎ ಅಕ್ಷರದ ಮೇಷ್ಟ್ರು ಓಡಿ ಬಂದ, ಮಂಡಿಯೂರಿದ, ಆ ಹುಡುಗನ ತಲೆಯ ಕೆಳಗೆ ಅಂಗೈ ಕೊಟ್ಟು ಮೆಲ್ಲಗೆ ಎತ್ತಿ ಕೂರಿಸಿದ. ಹುಡುಗ ನಕ್ಕ. ಅಷ್ಟೇ, ಮುಂದಿನ ದೃಶ್ಯ ಬಂತು.

“ಹಿಡಿಯೋದಷ್ಟೇ ನೋಡ್ತೀರಿ ನೀವೆಲ್ಲ,” ಎಂದಳು ಅಮ್ಮ. “ಬಿದ್ದೋನು ಎದ್ನಾ ಇಲ್ವಾ ಅಂತ ನಾನು ನೋಡ್ತೀನಿ.”

ಅಪ್ಪ ತಲೆ ತಗ್ಗಿಸಿ ತನ್ನ ಮಂಡಿಯನ್ನು ನೋಡಿಕೊಂಡ. ಅವನು ಬಿದ್ದ ದಿನ ಯಾರು ತಲೆಗೆ ಕೈ ಕೊಟ್ಟಿದ್ದರೋ ಇಲ್ಲವೋ, ಅಮ್ಮ ಆ ದಿನ ಅಲ್ಲಿ ಇದ್ದಳೋ ಇಲ್ಲವೋ, ನಾನು ಇವತ್ತಿಗೂ ಕೇಳಿಲ್ಲ. ಕೇಳದಿದ್ದರೂ ಆ ಮಧ್ಯಾಹ್ನ ನನಗೆ ಅರ್ಧ ತಿಳಿಯಿತು. ನನ್ನ ಸಿಟ್ಟು ಎಲ್ಲಿ ಹೋಯಿತೋ.

ನನ್ನ ಮೂಗಿನ ರಕ್ತ ನಿಂತದ್ದನ್ನು ನೋಡಿ ಅಮ್ಮ ಹಾಲಿಗೆ ಬಂದು ಸೆರಗು ಸೊಂಟಕ್ಕೆ ಸಿಕ್ಕಿಸಿದಳು. ಬಳೆಗಳನ್ನು ಮೊಳಕೈಗೆ ಏರಿಸಿದಳು. ಚಾಪೆಯ ಬಲ ಮೂಲೆಯಲ್ಲಿ ಮಂಡಿ ಬಗ್ಗಿಸಿ, ಬೆನ್ನು ನೆಟ್ಟಗೆ ಮಾಡಿ, ತಲೆ ಎತ್ತಿ ನಿಂತಳು. ಪಂಚೆಯ ಮೇಲಿನ ಹುಡುಗ ನಿಲ್ಲುವ ಹಾಗೇ ನಿಂತಳು. ಸೆಲ್ವಿ ಬಾಯಿಗೆ ಕೈ ಅಡ್ಡ ಹಿಡಿದಳು. ನಾನು ನಿಜವೋ ತಮಾಷೆಯೋ ತಿಳಿಯದೆ ನಿಂತಿದ್ದೆ.

“ಕಬಡ್ಡಿ ಅನ್ಕೊಂಡು ಬಾರೇ.”

ನಾನು ಕಬಡ್ಡಿ ಕಬಡ್ಡಿ ಎನ್ನುತ್ತಾ ಹೋದೆ. ಅಮ್ಮನನ್ನು ಮುಟ್ಟುವುದೇ ಮುಜುಗರ, ಅವಳಿಂದ ತಪ್ಪಿಸಿಕೊಳ್ಳುವುದು ಹೇಗೆ? ಆದರೂ ಅಪ್ಪ ಕಲಿಸಿದ ಹಾಗೆ ಒಂದು ಹುಸಿ ಹೆಜ್ಜೆ ಇಟ್ಟೆ. ಅವಳು ಮೋಸ ಹೋಗಲಿಲ್ಲ. ಬಲ ಭುಜ ನನ್ನ ತೊಡೆಗೆ ಬಂತು, ಬಲಗೈ ಹಿಂದಿನಿಂದ ಸುತ್ತಿ ಬಿಗಿಯಿತು. ಈರುಳ್ಳಿ, ಬೆವರು, ಕರ್ಪೂರದ ಎಣ್ಣೆ ಎಲ್ಲ ಸೇರಿದ ಅವಳ ವಾಸನೆ ನನ್ನನ್ನು ಸುತ್ತಿಕೊಂಡಿತು. ಇಬ್ಬರೂ ಬಿದ್ದೆವು. ನೆಲ ತಾಗುತ್ತದೆ ಎಂದು ಕಣ್ಣು ಮುಚ್ಚಿದೆ. ತಾಗಿದ್ದು ಅವಳ ಎಡ ಅಂಗೈ. ನಾನು ಬೀಳುವ ಮೊದಲೇ ಅದು ನನ್ನ ತಲೆಯ ಕೆಳಗೆ ಬಂದು ಕಾಯುತ್ತಿತ್ತು. ನನ್ನ ಉಸಿರು ಮುಗಿಯಿತು, ಕಬಡ್ಡಿ ಎನ್ನುವುದು ನಿಂತಿತು. ಆಟದ ಪ್ರಕಾರ ನಾನು ಔಟು, ಹಿಡಿದವರು ಬಿಡಬೇಕು. ಅಮ್ಮ ಬಿಡಲಿಲ್ಲ. ಅವಳ ಎದೆ ಹೊಡೆದುಕೊಳ್ಳುವುದು ನನ್ನ ಹೊಟ್ಟೆಗೆ ತಾಗುತ್ತಿತ್ತು. ನಾನೂ ಅಲ್ಲಾಡದೆ ಮಲಗಿದ್ದೆ. ಅಪ್ಪ, ಸೆಲ್ವಿ ಇಬ್ಬರೂ ಅಡುಗೆಮನೆಯ ಚೌಕಟ್ಟಿನಲ್ಲಿ ಪಂಚೆ ಎತ್ತಿ ಹಿಡಿದು ನಿಂತಿದ್ದರು.

“ಹೀಗೆ ಹಿಡಿಯೋದಾದ್ರೆ ಹೋಗು,” ಎಂದಳು ಅಮ್ಮ ಕೊನೆಗೆ, ಏದುಸಿರು ಬಿಡುತ್ತಾ. “ನಾನೂ ಬರ್ತೀನಿ.”

ಆಯ್ಕೆಯ ದಿನ ಬೆಳಗ್ಗೆ ಬಸ್ಸು ಹಿಡಿದು ನಾವೆಲ್ಲ ಶಿವಮೊಗ್ಗಕ್ಕೆ ಹೋದೆವು, ದುರ್ಗಿಗುಡಿಯ ಮಾವನ ಮನೆಯಲ್ಲಿ ಇಳಿದುಕೊಂಡೆವು. ಹುಡುಗಿಯರು ಚಡ್ಡಿ ಹಾಕಿ ಬಯಲಲ್ಲಿ ಹೊರಳಾಡುವುದೇ ಎಂದು ಅತ್ತೆ ರಾಗ ಎಳೆದರು. ಅಮ್ಮ ನನ್ನ ಜಡೆಯನ್ನು ಎರಡು ಸುತ್ತು ಬಿಗಿಯಾಗಿ ಕಟ್ಟಿದಳು. ಮೈದಾನದಲ್ಲಿ ಸೆಲ್ವಿ ಎಡ ಮೂಲೆಗೆ, ನಾನು ಬಲ ಮೂಲೆಗೆ ನಿಂತೆವು. ಅಪ್ಪ ಆಯ್ಕೆ ಮಾಡುವವರ ಬೆನ್ನ ಹಿಂದೆ ಕುಂಟುತ್ತಾ ಅತ್ತಿಂದಿತ್ತ ತಿರುಗುತ್ತಿದ್ದ. ಅಮ್ಮ ನನ್ನ ಮೂಲೆಯ ಹತ್ತಿರ ಸುಣ್ಣದ ಗೆರೆಯ ಆಚೆ ನೆಲದ ಮೇಲೆ ಕೂತಿದ್ದಳು. ಸಾಗರದ ಕಡೆಯ ಒಬ್ಬ ಎತ್ತರದ ಹುಡುಗಿ ರೈಡಿಗೆ ಬಂದಳು. ಅವಳು ನನ್ನ ಕಡೆ ಕಾಲು ಚಾಚಿದ್ದಷ್ಟೇ ನೆನಪು. ಆಮೇಲೆ ನನ್ನ ಬಲ ಭುಜ ಅವಳ ತೊಡೆಯಲ್ಲಿತ್ತು, ಇಬ್ಬರೂ ನೆಲದ ಮೇಲಿದ್ದೆವು, ಸೀಟಿ ಕೇಳಿಸಿತು. ಎದ್ದೇಳಲು ಹೋದರೆ ನನ್ನ ಎಡಗೈ ಬರಲಿಲ್ಲ. ಅದು ಆ ಹುಡುಗಿಯ ತಲೆಯ ಕೆಳಗೆ ಸಿಕ್ಕಿಕೊಂಡಿತ್ತು. ನಾನಾಗಿ ಇಟ್ಟದ್ದಲ್ಲ, ಅದೇ ಹೋಗಿತ್ತು. ಅಪ್ಪ ಆಚೆಯಿಂದ ಕೈ ಎತ್ತಿ ಕೂಗುತ್ತಿದ್ದ. ಅಮ್ಮ ಕೂಗಲಿಲ್ಲ. ಆ ಹುಡುಗಿ ಎದ್ದು ಮಣ್ಣು ಕೊಡವಿಕೊಂಡು ತನ್ನ ಕಡೆಗೆ ಹೋಗುವ ತನಕ ಅವಳನ್ನೇ ನೋಡುತ್ತಿದ್ದಳು.

ನಾನು, ಸೆಲ್ವಿ ಇಬ್ಬರೂ ಆಯ್ಕೆಯಾದೆವು. ಸಂಜೆ ಮಾವನ ಮನೆಯಲ್ಲಿ ದೀಪ ಹಚ್ಚಿದ ಮೇಲೆ ಅಮ್ಮ ಅತ್ತೆಯ ಹತ್ತಿರ ಕೊಬ್ಬರಿ ಎಣ್ಣೆ, ಕರ್ಪೂರ ಕೇಳಿ ಇಸಿದುಕೊಂಡಳು. ಪರಸ್ಥಳವಾದರೂ ಅಪ್ಪನ ಕಾಲಿಗೆ ಅದು ತಪ್ಪುವಂತಿರಲಿಲ್ಲ. ವಾಸನೆ ಬರುತ್ತಲೇ ಅಪ್ಪ ಗೋಡೆಗೆ ಒರಗಿ ಕಾಲು ಚಾಚಿದ. ಅಮ್ಮ ಬಾಣಲೆ ಹಿಡಿದು ಬಂದಳು, ಅವನನ್ನು ದಾಟಿ ನನ್ನ ಪಕ್ಕ ಕೂತಳು. ನನ್ನ ಎಡಗೈ ಎಳೆದುಕೊಂಡು ತಿರುಗಿಸಿದಳು. ಆ ಹುಡುಗಿಯ ತಲೆಯ ಭಾರಕ್ಕೆ ನೆಲಕ್ಕೆ ಒತ್ತಿ ಅಂಗೈಯ ಹಿಂಬದಿ ತರಚಿತ್ತು. ನಾನು ಯಾರಿಗೂ ಹೇಳಿರಲಿಲ್ಲ. ಅಮ್ಮ ಬಿಸಿ ಎಣ್ಣೆಯಲ್ಲಿ ಬೆರಳು ಅದ್ದಿದಳು.

“ನಿಮ್ದು ಆಮೇಲೆ,” ಎಂದಳು ಅಪ್ಪನಿಗೆ.

ಅಪ್ಪ ಕಾಲು ಮಡಚಿಕೊಂಡ. ತರಚಿದ ಜಾಗಕ್ಕೆ ಕರ್ಪೂರ ತಾಗಿ ಚುರುಚುರು ಉರಿಯಿತು. ನಾನು ಕೈ ಎಳೆದುಕೊಳ್ಳಲಿಲ್ಲ.